ಕಾಕಾ ಬ್ಯಾಪ್ಟಿಸ್ಟಾ: ಮುಂಬಯಿಗೆ ಚಿಕ್ಕಪ್ಪನಾದ ಕಥೋಲಿಕ

ಪಂಚಾಯಿತಿ ಚುನಾವಣೆ ಹತ್ತಿರ ಬಂತೆಂದರೆ ನಿಡಘಟ್ಟದ ಆಸುಪಾಸಿನಲ್ಲಿ ಮಾತಿಗೆ ಬರವಿಲ್ಲ. ಹೋಟೆಲಿನ ಬೆಂಚು, ಅರಳಿಕಟ್ಟೆ, ಡೈರಿಯ ಮುಂದಿನ ಸಾಲು, ಎಲ್ಲೆಲ್ಲೂ ಅದೇ ಸುದ್ದಿ. ಆದರೆ ಭಾನುವಾರದ ಪೂಜೆ ಮುಗಿಸಿ ದೇವಾಲಯದ ಅಂಗಳದಲ್ಲಿ ನಿಲ್ಲುವ ನಮ್ಮ ಜನರ ಮಾತು ಮಾತ್ರ ಬೇರೆಯೇ. ನಾವಿರುವುದು ನಾಲ್ಕು ಮನೆ, ನಮಗೇಕೆ ಈ ಉಸಾಬರಿ, ದೇವರ ಮಕ್ಕಳಿಗೆ ರಾಜಕೀಯದ ಕೆಸರು ಬೇಡ ಎಂದು ಹಿರಿಯರು ಹೇಳುತ್ತಾರೆ. ಓದಿದ ಹುಡುಗರು ಸುಮ್ಮನೆ ತಲೆ ತಗ್ಗಿಸುತ್ತಾರೆ. ಈ ಮಾತನ್ನು ಕೇಳಿದಾಗಲೆಲ್ಲ ನನಗೆ ಒಬ್ಬ ಮನುಷ್ಯರ ನೆನಪಾಗುತ್ತದೆ. ಅವರು ಕಥೋಲಿಕರು, ವಕೀಲರು, ಮುಂಬಯಿ ನಗರದ ಪ್ರಥಮ ಪ್ರಜೆಯಾಗಿದ್ದವರು. ಜೋಸೆಫ್ ಬ್ಯಾಪ್ಟಿಸ್ಟಾ ಎಂಬುದು ಅವರ ಹೆಸರು. ಜನರು ಅವರನ್ನು ಕಾಕಾ ಎಂದು ಕರೆದರು. ಮರಾಠಿಯಲ್ಲಿ ಕಾಕಾ ಎಂದರೆ ಚಿಕ್ಕಪ್ಪ. ನಮ್ಮ ಬೆಳಗಾವಿ, ಧಾರವಾಡದ ಕಡೆಯ ಮನೆಗಳಲ್ಲಿಯೂ ಆ ಪದ ನಡೆಯುತ್ತದೆ. ಇಡೀ ನಗರ ಒಬ್ಬ ಕಥೋಲಿಕನನ್ನು ಚಿಕ್ಕಪ್ಪನೆಂದು ಕರೆಯಬೇಕಾದರೆ ಆತ ಏನು ಮಾಡಿರಬೇಕು?

ಬ್ಯಾಪ್ಟಿಸ್ಟಾರವರು 1864ರ ಮಾರ್ಚ್ 17ರಂದು ಮುಂಬಯಿಯ ಮಜಗಾಂವಿನ ಮಾಥಾರ್‌ಪಾಕಾಡಿ ಎಂಬ ಕೇರಿಯಲ್ಲಿ ಹುಟ್ಟಿದರು. ಅದು ಐರ್ಲೆಂಡಿನ ಪಾಲಕರಾದ ಸಂತ ಪ್ಯಾಟ್ರಿಕ್‌ರ ಹಬ್ಬದ ದಿನ. ಎರಡು ದಿನ ಕಳೆದರೆ ಸಂತ ಜೋಸೆಫರ ಹಬ್ಬ. ಮಗುವಿಗೆ ಜೋಸೆಫ್ ಎಂಬ ಹೆಸರು ಬಂದದ್ದು ಸಹಜವೇ. ಐರ್ಲೆಂಡಿನ ನಂಟು ಮಾತ್ರ ಮುಂದೆ ಬೇರೊಂದು ರೀತಿಯಲ್ಲಿ ಅವರ ಬಾಳಿನೊಳಗೆ ಬಂತು. ತಂದೆಯ ಹೆಸರು ಜಾನ್ ಬ್ಯಾಪ್ಟಿಸ್ಟಾ, ನಮ್ಮ ಹಳೆಯ ತಲೆಮಾರಿನವರ ಬಾಯಲ್ಲಿ ಹೇಳುವುದಾದರೆ ಸ್ನಾನಿಕ ಅರುಳಪ್ಪ. ಅವರ ಮೂಲ ಊರು ಭಾಯಂದರ್ ಬಳಿ ಕಡಲಂಚಿನ ಉತ್ತನ್.

ಇವರದು ಈಸ್ಟ್ ಇಂಡಿಯನ್ ಎಂದು ಕರೆಯಲ್ಪಡುವ ಸಮುದಾಯ. ಹೆಸರು ಇಂಗ್ಲಿಷಿನದಾದರೂ ಜನ ಮುಂಬಯಿ, ಸಾಷ್ಟಿ, ವಸಯಿ ನೆಲದ ಮೂಲ ನಿವಾಸಿಗಳು. ಮೀನು ಹಿಡಿಯುವವರು, ಗದ್ದೆ ಉಳುವವರು, ಹೆಂಡ ಇಳಿಸುವವರು ಪೋರ್ಚುಗೀಸರ ಕಾಲದಲ್ಲಿ ಜ್ಞಾನಸ್ನಾನ ಪಡೆದರು. ಮನೆಮಾತು ಮರಾಠಿಯಾಗಿಯೇ ಉಳಿಯಿತು. 1661ರ ವಿವಾಹ ಒಪ್ಪಂದದಲ್ಲಿ ಪೋರ್ಚುಗಲ್ಲಿನ ರಾಜಕುಮಾರಿಯ ಬಳುವಳಿಯಾಗಿ ಮುಂಬಯಿ ಇಂಗ್ಲಿಷರ ಕೈ ಸೇರಿತು. ಗೋವೆಯಿಂದ ಉದ್ಯೋಗಕ್ಕೆ ಬಂದ ಕಥೋಲಿಕರಿಂದ ತಮ್ಮನ್ನು ಬೇರೆಯಾಗಿ ಗುರುತಿಸಿಕೊಳ್ಳಲು ಈ ಸಮುದಾಯದವರು 1887ರಲ್ಲಿ, ವಿಕ್ಟೋರಿಯಾ ರಾಣಿಯ ಆಳ್ವಿಕೆಯ ಸುವರ್ಣ ಮಹೋತ್ಸವದ ಹೊತ್ತಿಗೆ, ಈಸ್ಟ್ ಇಂಡಿಯನ್ ಎಂಬ ಹೆಸರನ್ನು ಇಟ್ಟುಕೊಂಡರು. ಆ ಹೆಸರಿನಲ್ಲಿಯೇ ಸರ್ಕಾರದ ಮೇಲಿನ ನಿಷ್ಠೆ ಎದ್ದು ಕಾಣುತ್ತದೆ. ಸರ್ಕಾರಿ ನೌಕರಿ, ರೈಲ್ವೆ, ಬಂದರು, ಗುಮಾಸ್ತಗಿರಿ ಇವೇ ಅವರ ಬದುಕಿನ ಆಸರೆಯಾಗಿದ್ದವು. ಆಳುವ ದೊರೆಗಳು ಕ್ರೈಸ್ತರು, ನಾವೂ ಕ್ರೈಸ್ತರು, ಆದ್ದರಿಂದ ದೊರೆಗಳ ವಿರುದ್ಧ ಮಾತೆತ್ತಬಾರದು ಎಂಬ ಭಾವನೆ ಅಂದಿನ ದಿನಗಳಲ್ಲಿ ನಮ್ಮ ಅನೇಕ ಧರ್ಮಕೇಂದ್ರಗಳಲ್ಲಿ ಬೇರೂರಿತ್ತು. ಇದನ್ನು ಮರೆಮಾಚುವುದರಲ್ಲಿ ಅರ್ಥವಿಲ್ಲ. ಬ್ಯಾಪ್ಟಿಸ್ಟಾರವರು ಎದುರಿಸಿದ ಮೊದಲ ಗೋಡೆ ಸ್ವಂತ ಮನೆಯ ಗೋಡೆಯೇ ಆಗಿತ್ತು.

ಮಜಗಾಂವಿನ ಸಂತ ಮೇರಿ ಶಾಲೆಯಲ್ಲಿ ಓದಿ, ಪುಣೆಯ ಇಂಜಿನಿಯರಿಂಗ್ ಕಾಲೇಜಿನಲ್ಲಿ ಕಲಿತು, ಬಳಿಕ ಇಂಗ್ಲೆಂಡಿನ ಕೇಂಬ್ರಿಜ್‌ಗೆ ಹೋಗಿ ರಾಜ್ಯಶಾಸ್ತ್ರವನ್ನೂ ಕಾನೂನನ್ನೂ ಅಭ್ಯಾಸ ಮಾಡಿದರು. ಅದು ಐರಿಷ್ ಜನರು ತಮ್ಮ ಮನೆಯ ಆಡಳಿತ ತಮಗೇ ಬೇಕೆಂದು ಕೇಳುತ್ತಿದ್ದ ಕಾಲ. 1886ರಲ್ಲಿ ಒಮ್ಮೆ, 1893ರಲ್ಲಿ ಮತ್ತೊಮ್ಮೆ ಗ್ಲ್ಯಾಡ್‌ಸ್ಟನ್ ಐರ್ಲೆಂಡಿನ ಹೋಂ ರೂಲ್ ಮಸೂದೆಯನ್ನು ಮಂಡಿಸಿ ಸೋತಿದ್ದರು. ಐರಿಷರು ಕಥೋಲಿಕರು. ಜಪಸರ ಹಿಡಿದ ಕೈಯಲ್ಲೇ ಅರ್ಜಿ ಹಿಡಿದು ಸಾಮ್ರಾಜ್ಯವನ್ನು ಪ್ರಶ್ನಿಸುವ ಕಥೋಲಿಕರು! ಕಥೋಲಿಕನೆಂದರೆ ದೊರೆಗೆ ತಲೆಬಾಗುವವನು ಎಂದು ಕೇಳಿಕೊಂಡು ಬೆಳೆದ ಮಜಗಾಂವಿನ ತರುಣನಿಗೆ ಇದು ಕಣ್ಣು ತೆರೆಸಿತು. ಮುಂದೆ ಅವರು ಭಾರತಕ್ಕೂ ಹೋಂ ರೂಲ್ ಬೇಕೆಂದು ದುಡಿದದ್ದರ ಬೇರು ಇಲ್ಲಿದೆ.

ಬ್ಯಾರಿಸ್ಟರಾಗಿ ಹಿಂದಿರುಗಿದಾಗ ಮುಂಬಯಿ ಪ್ಲೇಗಿನಿಂದ ನರಳುತ್ತಿತ್ತು. 1896ರಲ್ಲಿ ಬಂದರಿನ ಬಳಿಯ ಮಾಂಡ್ವಿಯಲ್ಲಿ ಕಾಣಿಸಿಕೊಂಡ ಪಿಡುಗು ವರ್ಷವರ್ಷವೂ ಮರಳಿ ಬರುತ್ತಿತ್ತು. 1891ರ ಜನಗಣತಿಯಲ್ಲಿ 8 ಲಕ್ಷದ 21 ಸಾವಿರದಷ್ಟಿದ್ದ ನಗರದ ಜನಸಂಖ್ಯೆ 1901ರಲ್ಲಿ 7 ಲಕ್ಷದ 76 ಸಾವಿರಕ್ಕೆ ಇಳಿದಿತ್ತು. ಸತ್ತವರು ಸಾಲದೆಂಬಂತೆ ಹೆದರಿ ಊರು ಬಿಟ್ಟವರು ಅಪಾರ. ಅದೇ ಪ್ಲೇಗು 1898ರಲ್ಲಿ ನಮ್ಮ ಮೈಸೂರು ಸೀಮೆಗೂ ಬಂದು, ಜನರು ಮನೆ ಬಿಟ್ಟು ಹೊಲಗಳಲ್ಲಿ ಗುಡಿಸಲು ಹಾಕಿಕೊಂಡ ಕಥೆಯನ್ನು ನಮ್ಮ ಅಜ್ಜಂದಿರು ಹೇಳುತ್ತಿದ್ದರು. ಮುಂಬಯಿಯ ಕಥೋಲಿಕ ಕೇರಿಗಳಲ್ಲಿ ಆಗ ನೆಟ್ಟ ಪ್ಲೇಗಿನ ಶಿಲುಬೆಗಳು ಇಂದಿಗೂ ನಿಂತಿವೆ. ಶಿಲುಬೆ ನೆಟ್ಟು ಪ್ರಾರ್ಥಿಸುವುದು ಒಂದು ಕೆಲಸ. ಚರಂಡಿ, ನೀರು, ಗಾಳಿಬೆಳಕಿನ ಮನೆ ಇವುಗಳಿಗಾಗಿ ಸಭೆಯಲ್ಲಿ ಕುಳಿತು ವಾದಿಸುವುದು ಇನ್ನೊಂದು ಕೆಲಸ. ಬ್ಯಾಪ್ಟಿಸ್ಟಾರವರು ಈ ಎರಡನೆಯ ಕೆಲಸವನ್ನು ಹಿಡಿದರು. 1901ರಲ್ಲಿ ಮುಂಬಯಿ ನಗರಪಾಲಿಕೆಗೆ ಆಯ್ಕೆಯಾಗಿ ಹದಿನೇಳು ವರ್ಷ ಅಲ್ಲಿ ದುಡಿದರು.

ಅವರ ಹೆಸರು ದೇಶಕ್ಕೆ ತಿಳಿದದ್ದು ಮಾತ್ರ ಬಾಲ ಗಂಗಾಧರ ತಿಲಕರ ಮೂಲಕ. 1908ರ ಜೂನ್ 24ರಂದು ತಿಲಕರನ್ನು ರಾಜದ್ರೋಹದ ಆಪಾದನೆಯ ಮೇಲೆ ಬಂಧಿಸಲಾಯಿತು. ಕೇಸರಿ ಪತ್ರಿಕೆಯಲ್ಲಿ ಅವರು ಬರೆದ ಲೇಖನಗಳೇ ಅಪರಾಧ. ಸರ್ಕಾರದ ವಕೀಲರು ವಿಶೇಷ ಜ್ಯೂರಿ ಬೇಕೆಂದು ಕೇಳಿದಾಗ ತಿಲಕರ ಪರವಾಗಿ ಅದನ್ನು ವಿರೋಧಿಸಿ ನಿಂತವರು ಬ್ಯಾಪ್ಟಿಸ್ಟಾ. ವಿಶೇಷ ಜ್ಯೂರಿ ಎಂದರೆ ಬಹುಪಾಲು ಯುರೋಪಿಯನ್ನರು. ಲೇಖನಗಳು ಮರಾಠಿಯವು. ಮರಾಠಿಯ ಮಾತಿನ ಧಾಟಿ ತಿಳಿಯದವರು ತರ್ಜುಮೆ ಓದಿ, ಅದರಲ್ಲಿ ದ್ರೋಹವಿದೆಯೋ ಇಲ್ಲವೋ ಎಂದು ಹೇಳುವುದು ಯಾವ ನ್ಯಾಯ? ನ್ಯಾಯಾಧೀಶ ದಾವರ್ ಆ ವಿರೋಧವನ್ನು ಒಪ್ಪಲಿಲ್ಲ. ಇದೇ ದಾವರ್ 1897ರಲ್ಲಿ ವಕೀಲರಾಗಿದ್ದಾಗ ತಿಲಕರಿಗಾಗಿಯೇ ಜಾಮೀನು ಕೇಳಿ ವಾದಿಸಿದ್ದರೆಂಬುದು ಇತಿಹಾಸದ ಅಣಕ. ಕೊನೆಗೆ ಏಳು ಯುರೋಪಿಯನ್ನರು, ಇಬ್ಬರು ಪಾರ್ಸಿಗಳು ಜ್ಯೂರಿಯಲ್ಲಿ ಕುಳಿತರು. ತಿಲಕರು ತಮ್ಮ ವಾದವನ್ನು ತಾವೇ ಇಪ್ಪತ್ತೊಂದು ಗಂಟೆಗೂ ಮಿಕ್ಕಿ ಮಂಡಿಸಿದರು. ಬ್ಯಾಪ್ಟಿಸ್ಟಾರವರೂ ಇತರ ಗೆಳೆಯರೂ ಪಕ್ಕದಲ್ಲಿ ಕುಳಿತು ನೆರವಾದರು. ಜುಲೈ 22ರ ರಾತ್ರಿ ತೀರ್ಪು ಬಂತು. ಏಳು ಜನ ತಪ್ಪಿತಸ್ಥನೆಂದರು, ಇಬ್ಬರು ಇಲ್ಲವೆಂದರು. ಆರು ವರ್ಷದ ಗಡೀಪಾರು. ಮುಂಬಯಿಯ ಗಿರಣಿ ಕೆಲಸಗಾರರು ವರ್ಷಕ್ಕೊಂದು ದಿನದಂತೆ ಆರು ದಿನ ಕೆಲಸ ನಿಲ್ಲಿಸಿದರು. ಆ ಆರು ದಿನಗಳು ಬ್ಯಾಪ್ಟಿಸ್ಟಾರವರ ಮನಸ್ಸಿನಲ್ಲಿ ಉಳಿದವೆಂದೇ ನಾನು ತಿಳಿದಿದ್ದೇನೆ. ಮುಂದೆ ಅವರು ಕಾರ್ಮಿಕರ ಬಳಿಗೆ ಹೋದದ್ದನ್ನು ನೋಡಿದರೆ ಹಾಗೆ ಅನ್ನಿಸುತ್ತದೆ.

1910ರಲ್ಲಿ ನಾಸಿಕದ ಒಳಸಂಚಿನ ಮೊಕದ್ದಮೆಯಲ್ಲಿ ವಿನಾಯಕ ದಾಮೋದರ ಸಾವರ್ಕರರ ಪರವಾಗಿಯೂ ಅವರು ವಾದಿಸಿದರು. ಆರೋಪಿಯ ವಿಚಾರಗಳೆಲ್ಲವೂ ವಕೀಲರ ವಿಚಾರಗಳಾಗಬೇಕಿಲ್ಲ. ಕಟಕಟೆಯಲ್ಲಿ ಒಂಟಿಯಾಗಿ ನಿಂತವನ ಪಕ್ಕದಲ್ಲಿ ಒಬ್ಬರಾದರೂ ನಿಲ್ಲಬೇಕು. ಕಾನೂನು ಸಾರ್ವಜನಿಕ ಹಿತಕ್ಕಾಗಿ ಇರತಕ್ಕದ್ದೆಂದು ಸಂತ ತೋಮಸ್ ಅಕ್ವಿನಾಸರು ಕಲಿಸಿದ್ದನ್ನು ನಾವು ಗುರುಮಠದಲ್ಲಿ ಬಾಯಿಪಾಠ ಮಾಡಿ ಪರೀಕ್ಷೆ ಬರೆದೆವು. ನ್ಯಾಯಾಲಯದಲ್ಲಿ ಕರಿಕೋಟು ತೊಟ್ಟು ಅದಕ್ಕಾಗಿ ಹೋರಾಡುವುದು ಬೇರೆಯೇ ಪರೀಕ್ಷೆ.

ಇನ್ನು ನಮ್ಮ ಕನ್ನಡನಾಡಿಗೆ ಸಂಬಂಧಿಸಿದ ಭಾಗಕ್ಕೆ ಬರುತ್ತೇನೆ. ಬೆಳಗಾವಿ ಎಂದೊಡನೆ ನಮಗೆ 1924ರ ಕಾಂಗ್ರೆಸ್ ಅಧಿವೇಶನ, ಗಾಂಧೀಜಿಯವರ ಅಧ್ಯಕ್ಷತೆ ನೆನಪಾಗುತ್ತದೆ. ಅದಕ್ಕೆ ಎಂಟು ವರ್ಷ ಮುಂಚೆ, 1916ರ ಏಪ್ರಿಲ್ 28ರಂದು, ಅದೇ ಬೆಳಗಾವಿಯಲ್ಲಿ ತಿಲಕರ ಹೋಂ ರೂಲ್ ಲೀಗ್ ಹುಟ್ಟಿತು. ಮಂಡಾಲೆಯ ಸೆರೆಯಿಂದ 1914ರಲ್ಲಿ ಬಿಡುಗಡೆಯಾಗಿ ಬಂದ ತಿಲಕರು ಹೊಸ ಸಂಸ್ಥೆಯಲ್ಲಿ ತಮಗಾಗಿ ಯಾವ ಹುದ್ದೆಯನ್ನೂ ಇಟ್ಟುಕೊಳ್ಳಲಿಲ್ಲ. ಅಧ್ಯಕ್ಷರಾದವರು ಜೋಸೆಫ್ ಬ್ಯಾಪ್ಟಿಸ್ಟಾ, ಕಾರ್ಯದರ್ಶಿಯಾದವರು ನ. ಚಿಂ. ಕೇಳ್ಕರ್. ಸ್ವಲ್ಪ ಯೋಚಿಸಿ ನೋಡಿ. ತಿಲಕರು ಪುಣೆಯ ಬ್ರಾಹ್ಮಣರು, ಸಂಪ್ರದಾಯದಲ್ಲಿ ಕಟ್ಟುನಿಟ್ಟಿನವರು, ಗಣೇಶೋತ್ಸವವನ್ನು ಬೀದಿಗೆ ತಂದವರು. ಅಂಥವರು ಕಟ್ಟಿದ ಸಂಸ್ಥೆಯ ತಲೆಯ ಮೇಲೆ ಒಬ್ಬ ಕಥೋಲಿಕ. ಸ್ವರಾಜ್ಯ ಒಂದು ಜಾತಿಯವರ, ಒಂದು ಧರ್ಮದವರ ಬೇಡಿಕೆಯಲ್ಲ ಎಂಬುದನ್ನು ತೋರಿಸಲು ಇದಕ್ಕಿಂತ ಚೆನ್ನಾದ ದಾರಿ ಇರಲಿಲ್ಲ. ಇದರಲ್ಲಿ ಸ್ವಲ್ಪ ಲೆಕ್ಕಾಚಾರವೂ ಇದ್ದಿರಬಹುದು. ಇದ್ದರೂ ತಪ್ಪೇನಿಲ್ಲ, ವಿಶ್ವಾಸವಿಲ್ಲದ ಕಡೆ ಅಂಥ ಲೆಕ್ಕ ನಡೆಯುವುದಿಲ್ಲ.

ಲೀಗಿಗೆ ಕರ್ನಾಟಕದ್ದೇ ಆದ ಒಂದು ಶಾಖೆ ಇತ್ತು. ಮರಾಠಿ, ಇಂಗ್ಲಿಷ್ ಕಿರುಹೊತ್ತಿಗೆಗಳ ಜೊತೆಗೆ ಕನ್ನಡದಲ್ಲಿಯೂ ಕಿರುಹೊತ್ತಿಗೆಗಳು ಹೊರಬಂದವು. 1917ರ ಏಪ್ರಿಲ್ ಹೊತ್ತಿಗೆ ಸದಸ್ಯರ ಸಂಖ್ಯೆ 14 ಸಾವಿರ ಮುಟ್ಟಿತ್ತು. ಈ ಗುಂಪಿನವರಿಗೆ ಜನಭಾಷೆಯ ಮಹತ್ವ ಗೊತ್ತಿತ್ತು. 1915ರ ಮುಂಬಯಿ ಪ್ರಾಂತೀಯ ಸಮ್ಮೇಳನದಲ್ಲಿ ಗೋಖಲೆಯವರ ಸಂತಾಪ ನಿರ್ಣಯವನ್ನು ಬೆಂಬಲಿಸಲು ನಮ್ಮ ಆಲೂರು ವೆಂಕಟರಾಯರು ಎದ್ದು ನಿಂತಾಗ, ಕನ್ನಡದಲ್ಲಿಯೇ ಮಾತನಾಡಿ ಕನ್ನಡದ ಹಕ್ಕನ್ನು ಸ್ಥಾಪಿಸುವಂತೆ ತಿಲಕರು ಅವರಿಗೆ ಹೇಳಿದರಂತೆ. ಇಂದಿನ ಗಡಿ ಜಗಳಗಳನ್ನು ನೋಡುವಾಗ ಈ ಸಂಗತಿಯನ್ನು ಎರಡೂ ಕಡೆಯವರಿಗೆ ಓದಿ ಹೇಳಬೇಕೆನಿಸುತ್ತದೆ.

ಸ್ವರಾಜ್ಯವನ್ನು ಹುಟ್ಟಿನಿಂದಲೇ ಬಂದ ಹಕ್ಕೆಂದು ಸಾರುವ ತಿಲಕರ ಪ್ರಸಿದ್ಧ ಘೋಷಣೆಯನ್ನು ರೂಪಿಸಿಕೊಟ್ಟವರು ಬ್ಯಾಪ್ಟಿಸ್ಟಾರೇ ಎಂದು ಹೇಳುವವರಿದ್ದಾರೆ. ಈಸ್ಟ್ ಇಂಡಿಯನ್ ಬಾಂಧವರು ಇದನ್ನು ಹೆಮ್ಮೆಯಿಂದ ಹೇಳುತ್ತಾರೆ. ನಾನು ಇದಕ್ಕೆ ಹೆಚ್ಚು ಬೆಲೆ ಕೊಡುವುದಿಲ್ಲ. ಮಾತು ಯಾರದಾದರೇನು, ಆ ಮಾತಿಗಾಗಿ ತಿಲಕರ ಮೇಲೆ ಮತ್ತೆ ಮೊಕದ್ದಮೆ ಬಿದ್ದಾಗ ಅವರ ಪರವಾಗಿ ನ್ಯಾಯಾಲಯಕ್ಕೆ ಹೋದವರು ಯಾರೆಂಬುದು ಮುಖ್ಯ. 1916ರ ಜುಲೈ 23ರಂದು, ತಿಲಕರ ಅರವತ್ತರ ಹುಟ್ಟುಹಬ್ಬದ ದಿನವೇ, ಸರ್ಕಾರದ ನೋಟೀಸು ಬಂತು. ಬೆಳಗಾವಿಯಲ್ಲಿ ಒಂದು, ಅಹಮದ್‌ನಗರದಲ್ಲಿ ಎರಡು, ಹೀಗೆ ಮೂರು ಭಾಷಣಗಳಿಗಾಗಿ 20 ಸಾವಿರ ರೂಪಾಯಿಯ ಮುಚ್ಚಳಿಕೆ ಬರೆದುಕೊಡಬೇಕೆಂದು ಆಜ್ಞೆಯಾಯಿತು. ಮುಂಬಯಿ ಹೈಕೋರ್ಟಿನಲ್ಲಿ ಮಹಮದ್ ಅಲಿ ಜಿನ್ನಾ ಅವರೊಂದಿಗೆ ಬ್ಯಾಪ್ಟಿಸ್ಟಾರವರೂ ತಿಲಕರ ವಕೀಲರಾಗಿದ್ದರು. ನವೆಂಬರಿನಲ್ಲಿ ಹೈಕೋರ್ಟು ಆ ಆಜ್ಞೆಯನ್ನು ರದ್ದು ಮಾಡಿತು. ಆರೋಪಿ ಹಿಂದು, ವಕೀಲರಲ್ಲಿ ಒಬ್ಬರು ಮುಸಲ್ಮಾನರು, ಒಬ್ಬರು ಕಥೋಲಿಕರು. ಅಂಥದೊಂದು ಕಾಲವೂ ಇತ್ತು.

ಮರುವರ್ಷ ಬ್ಯಾಪ್ಟಿಸ್ಟಾರವರು ಲೀಗಿನ ಪರವಾಗಿ ಇಂಗ್ಲೆಂಡಿಗೆ ಹೋಗಿ ಅಲ್ಲಿನ ಲೇಬರ್ ಪಕ್ಷದವರ ನಡುವೆ ಭಾರತದ ಬೇಡಿಕೆಯನ್ನು ಮುಂದಿಟ್ಟರು. 1920ರ ಹೊತ್ತಿಗೆ ಪಾಂಡಿಚೇರಿಯಲ್ಲಿದ್ದ ಅರವಿಂದ ಘೋಷರಿಗೆ ಪತ್ರ ಬರೆದು, ಮುಂಬಯಿಯಲ್ಲಿ ಹೊರಡಿಸಬೇಕೆಂದಿದ್ದ ಇಂಗ್ಲಿಷ್ ದಿನಪತ್ರಿಕೆಗೆ ಸಂಪಾದಕರಾಗಿ ಬರುವಂತೆ ಕರೆದರು. ಅರವಿಂದರು ತಮ್ಮ ಸಾಧನೆಯ ದಾರಿಯನ್ನು ಬಿಟ್ಟು ಬರಲೊಪ್ಪಲಿಲ್ಲ. ಅದೇ ವರ್ಷ ಆಗಸ್ಟ್ 1ರಂದು ತಿಲಕರು ಮುಂಬಯಿಯಲ್ಲಿ ತೀರಿಕೊಂಡರು. ಗಾಂಧೀಜಿಯವರ ಅಸಹಕಾರದ ದಾರಿ ಬ್ಯಾಪ್ಟಿಸ್ಟಾರವರಿಗೆ ಒಗ್ಗಲಿಲ್ಲ. ಶಾಸನಸಭೆ, ನ್ಯಾಯಾಲಯಗಳನ್ನು ಬಿಟ್ಟು ಹೊರಬರುವುದಕ್ಕಿಂತ ಒಳಗೆ ನಿಂತು ಸಿಕ್ಕಿದ್ದನ್ನು ಹಿಡಿದು ಸಿಗದದ್ದಕ್ಕೆ ಹೋರಾಡಬೇಕೆಂಬುದು ಅವರ ನಿಲುವು. ದೇಶ ಗಾಂಧೀಜಿಯವರ ಹಿಂದೆ ಹೋಯಿತು. ನಮ್ಮ ಮದ್ದೂರಿನ ಶಿವಪುರದಲ್ಲಿ 1938ರಲ್ಲಿ ಧ್ವಜ ಸತ್ಯಾಗ್ರಹ ನಡೆದಾಗ ನಮ್ಮ ರೈತರು ಹಿಡಿದದ್ದೂ ಗಾಂಧೀಜಿಯವರ ದಾರಿಯನ್ನೇ. ಈ ವಿಷಯದಲ್ಲಿ ಬ್ಯಾಪ್ಟಿಸ್ಟಾರವರು ಕಾಲದ ಗಾಳಿಯನ್ನು ಸರಿಯಾಗಿ ಅಳೆಯಲಿಲ್ಲವೆಂದೇ ಹೇಳಬೇಕು. ಶಾಲಾ ಪುಸ್ತಕಗಳಲ್ಲಿ ಅವರ ಹೆಸರು ಸಣ್ಣದಾದದ್ದಕ್ಕೆ ಇದೂ ಒಂದು ಕಾರಣ.

ಆದರೆ ಕಾರ್ಮಿಕರ ವಿಷಯದಲ್ಲಿ ಅವರು ಕಾಲಕ್ಕಿಂತ ಮುಂದಿದ್ದರು. ಜಗದ್ಗುರು ಹದಿಮೂರನೇ ಲಿಯೋರವರು ಕಾರ್ಮಿಕರ ಸ್ಥಿತಿಗತಿಯನ್ನು ಕುರಿತು ತಮ್ಮ ಪ್ರಸಿದ್ಧ ವಿಶ್ವಪತ್ರವನ್ನು ಹೊರಡಿಸಿದ್ದು 1891ರಲ್ಲಿ. ನ್ಯಾಯವಾದ ಕೂಲಿ, ಸಂಘ ಕಟ್ಟುವ ಹಕ್ಕು, ವಿಶ್ರಾಂತಿ ಇವೆಲ್ಲ ದಯೆಯ ಮಾತಲ್ಲ, ನ್ಯಾಯದ ಮಾತು ಎಂದು ಅದು ಕಲಿಸಿತು. ಅದೇ ವರ್ಷ ನಮ್ಮ ದೇಶದಲ್ಲಿ ಬಂದ ಕಾರ್ಖಾನೆ ಕಾಯಿದೆ ಹೆಂಗಸರ ದುಡಿಮೆಯನ್ನು ದಿನಕ್ಕೆ 11 ಗಂಟೆಗೆ ಮಿತಗೊಳಿಸಿತೇ ಹೊರತು ಗಂಡಸರ ದುಡಿಮೆಗೆ ಯಾವ ಮಿತಿಯನ್ನೂ ಹಾಕಲಿಲ್ಲ. ಗಿರಣಿಗಳಲ್ಲಿ ಗಂಡಸರ ದಿನದ ದುಡಿಮೆ 12 ಗಂಟೆ ಮೀರಬಾರದೆಂಬ ನಿಯಮ ಬಂದದ್ದು 1911ರಲ್ಲಿ. ವಾರಕ್ಕೆ 60 ಗಂಟೆ ಎಂದಾದದ್ದು 1922ರಲ್ಲಿ. ನಮ್ಮ ಸಕ್ಕರೆ ಕಾರ್ಖಾನೆಯಲ್ಲಿ ಪಾಳಿಯ ಮೇಲೆ ದುಡಿದವರಿಗೆ ಈ ಅಂಕಿಗಳ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ.

1920ರ ಅಕ್ಟೋಬರ್ 31ರಂದು ಮುಂಬಯಿಯಲ್ಲಿ ಅಖಿಲ ಭಾರತ ಟ್ರೇಡ್ ಯೂನಿಯನ್ ಕಾಂಗ್ರೆಸ್ ಸೇರಿತು. ಜಿನೀವಾದ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಗೆ ಭಾರತದ ಕೆಲಸಗಾರರ ಪ್ರತಿನಿಧಿಯನ್ನು ಯಾರು ಆರಿಸಬೇಕು ಎಂಬ ಪ್ರಶ್ನೆ ಎದ್ದಿತ್ತು. ಕೆಲಸಗಾರರದೇ ಒಂದು ದೇಶವ್ಯಾಪಿ ಸಂಘವಿಲ್ಲದಿದ್ದರೆ ಸರ್ಕಾರವೇ ಆರಿಸಿಬಿಡುತ್ತಿತ್ತು. ಲಾಲಾ ಲಜಪತರಾಯರು ಅಧ್ಯಕ್ಷರು, ಬ್ಯಾಪ್ಟಿಸ್ಟಾರವರು ಉಪಾಧ್ಯಕ್ಷರು. ಮರುವರ್ಷ ನವೆಂಬರ್ ಕೊನೆಯಲ್ಲಿ ಎರಡನೆಯ ಅಧಿವೇಶನ ನಡೆದದ್ದು ಕಲ್ಲಿದ್ದಲ ಗಣಿಗಳ ಝರಿಯಾದಲ್ಲಿ. ಅಧ್ಯಕ್ಷತೆ ಬ್ಯಾಪ್ಟಿಸ್ಟಾರವರದು. ಗಣಿಯ ಮಾಲೀಕರಿಗೆ ಆ ಸಭೆ ಬೇಕಿರಲಿಲ್ಲ. ಆದರೂ ಸಾವಿರಾರು ಗಣಿ ಕೆಲಸಗಾರರು ಬಂದು ಸೇರಿದರು. ಕೇಂಬ್ರಿಜ್‌ನ ಬ್ಯಾರಿಸ್ಟರು ಆ ಕಪ್ಪು ದೂಳಿನ ನಡುವೆ ಕುಳಿತ ಚಿತ್ರವನ್ನು ಕಣ್ಣ ಮುಂದೆ ತಂದುಕೊಂಡಾಗ ಕಾಕಾ ಎಂಬ ಹೆಸರು ಏಕೆ ಬಂತೆಂದು ತಿಳಿಯುತ್ತದೆ.

1925ರಲ್ಲಿ ಅವರು ಮುಂಬಯಿ ನಗರಪಾಲಿಕೆಯ ಮುಖ್ಯಸ್ಥರಾಗಿ ಒಂದು ವರ್ಷದ ಅವಧಿಗೆ ಆಯ್ಕೆಯಾದರು. ಇಲ್ಲಿ ಒಂದು ಮಾತು ಹೇಳಬೇಕು. ಪಟ್ಟಿಗಳಲ್ಲಿ ಅವರನ್ನು ಮೇಯರ್ ಎಂದು ಬರೆಯುತ್ತಾರೆ. ಆಗ ಆ ಹುದ್ದೆಯ ಹೆಸರು ಅಧ್ಯಕ್ಷ ಎಂದಿತ್ತು. ಮೇಯರ್ ಎಂಬ ಬಿರುದು ಬಂದದ್ದು 1931ರಲ್ಲಿ. ಬೆಂಗಳೂರಿನಲ್ಲಿಯೂ ಹಾಗೆಯೇ. ಯಾರ ಹೆಸರಿನಲ್ಲಿ ಪುರಭವನವಿದೆಯೋ ಆ ಸರ್ ಪುಟ್ಟಣ್ಣ ಚೆಟ್ಟರು ನಗರಸಭೆಯ ಅಧ್ಯಕ್ಷರಾಗಿದ್ದರು. ಅಲ್ಲಿ ಕಾರ್ಪೊರೇಷನ್ ಆದದ್ದು 1949ರಲ್ಲಿ. ಹುದ್ದೆಯ ಹೆಸರಿಗಿಂತ ಅದರ ಮಿತಿಯನ್ನು ತಿಳಿಯುವುದು ಮುಖ್ಯ. 1888ರ ಮುಂಬಯಿ ಮುನಿಸಿಪಲ್ ಕಾಯಿದೆಯ ಪ್ರಕಾರ ಆಡಳಿತದ ಅಧಿಕಾರವೆಲ್ಲ ಸರ್ಕಾರ ನೇಮಿಸಿದ ಕಮಿಷನರರ ಕೈಯಲ್ಲಿತ್ತು. ಅಧ್ಯಕ್ಷರು ಸಭೆ ನಡೆಸುವವರು, ನಗರದ ಪರವಾಗಿ ಮಾತನಾಡುವವರು. ಹಣ ಮಂಜೂರು ಮಾಡುವುದು, ಪ್ರಶ್ನಿಸುವುದು ಸಭೆಯ ಕೆಲಸ. ಮಾಡಿಸುವುದು ಕಮಿಷನರರ ಕೆಲಸ. ಆದರೂ ಆ ಪೀಠಕ್ಕೆ ಹೊಸ ಮಹತ್ವ ಬಂದಿತ್ತು. ಅದಕ್ಕೆ ಮುಂಚೆ ತೆರಿಗೆ ಕಟ್ಟುವ ಮನೆಮಾಲೀಕರದೇ ಮಾತು ನಡೆಯುತ್ತಿತ್ತು. 1922ರ ತಿದ್ದುಪಡಿಯಿಂದ ಬಾಡಿಗೆ ಮನೆಯವರಿಗೂ ಮತದಾನದ ಹಕ್ಕು ದೊರೆತು, ಸಭೆಯಲ್ಲಿ ಕೂರುವವರ ಮುಖಗಳೇ ಬದಲಾಗಿದ್ದವು.

ಅವರು ಪೀಠವೇರಿದ ವರ್ಷ ಮುಂಬಯಿಗೆ ಸಂಭ್ರಮ, ಸಂಕಟ ಎರಡೂ ಬಂದವು. ಫೆಬ್ರವರಿ 3ರಂದು ದೇಶದ ಮೊದಲ ವಿದ್ಯುತ್ ರೈಲು ವಿಕ್ಟೋರಿಯಾ ಟರ್ಮಿನಸ್ಸಿನಿಂದ ಕುರ್ಲಾಕ್ಕೆ, ಮಜಗಾಂವ್ ಭಾಗವನ್ನು ಹಾದು ಓಡಿತ್ತು. ಸೆಪ್ಟೆಂಬರಿನಲ್ಲಿ ಗಿರಣಿ ಮಾಲೀಕರು ಕೂಲಿಯನ್ನು ನೂರಕ್ಕೆ ಹನ್ನೊಂದೂವರೆಯಷ್ಟು ಕಡಿತ ಮಾಡಿದರು. ಒಂದೂವರೆ ಲಕ್ಷಕ್ಕಿಂತ ಹೆಚ್ಚು ಕೆಲಸಗಾರರು ಗಿರಣಿಗಳಿಂದ ಹೊರಬಂದರು. ಮುಷ್ಕರ ಸುಮಾರು ಎರಡೂವರೆ ತಿಂಗಳು ನಡೆಯಿತು. ಹಸಿದ ಅನೇಕರು ಕೊಂಕಣದ ಹಳ್ಳಿಗಳಿಗೆ ಮರಳಿದರು. ಡಿಸೆಂಬರಿನಲ್ಲಿ ವೈಸ್‌ರಾಯರು ಬಟ್ಟೆಯ ಮೇಲಿನ ಅಬಕಾರಿ ಸುಂಕವನ್ನು ತಡೆಹಿಡಿದ ಮೇಲೆ ಮಾಲೀಕರು ಕಡಿತವನ್ನು ಹಿಂದಕ್ಕೆ ತೆಗೆದುಕೊಂಡರು. ಝರಿಯಾದಲ್ಲಿ ಕಾರ್ಮಿಕರ ಸಭೆಗೆ ಅಧ್ಯಕ್ಷರಾಗಿದ್ದವರೇ ಆ ದಿನಗಳಲ್ಲಿ ಮುಂಬಯಿಯ ಪ್ರಥಮ ಪ್ರಜೆ. ಗಿರಣಿ ಮಾಲೀಕರೂ ಅದೇ ನಗರದ ದೊಡ್ಡ ತೆರಿಗೆದಾರರು. ಆ ಕುರ್ಚಿ ಮೆತ್ತಗಿತ್ತೆಂದು ಯಾರೂ ಭಾವಿಸಬಾರದು.

ಆಮೇಲಿನ ವರ್ಷಗಳಲ್ಲಿ ಕಾರ್ಮಿಕ ಚಳವಳಿ ಹೊಸಬರ, ಕಮ್ಯುನಿಸ್ಟರ ಕೈಗೆ ಸರಿಯಿತು. ಕಾನೂನು, ಮಾತುಕತೆ, ಮನವಿ ಎನ್ನುವ ಹಳೆಯ ತಲೆಮಾರು ಹಿಂದೆ ಸರಿಯಬೇಕಾಯಿತು. 1926ರಲ್ಲಿ ಟ್ರೇಡ್ ಯೂನಿಯನ್ ಕಾಯಿದೆ ಬಂದು, ಸಂಘ ಕಟ್ಟುವುದಕ್ಕೆ ಕಾನೂನಿನ ರಕ್ಷಣೆ ದೊರೆತದ್ದನ್ನು ನೋಡುವ ಭಾಗ್ಯವಂತೂ ಬ್ಯಾಪ್ಟಿಸ್ಟಾರವರಿಗೆ ದೊರೆಯಿತು. 1930ರಲ್ಲಿ ಅವರು ತೀರಿಕೊಂಡರು. ಮೇಯರ್ ಎಂಬ ಬಿರುದು ಬರಲು ಇನ್ನೊಂದು ವರ್ಷವಿತ್ತು. ಶಿವಡಿಯ ಕ್ರೈಸ್ತ ಸ್ಮಶಾನಭೂಮಿಯಲ್ಲಿ ಅವರ ಸಮಾಧಿಯಿದೆ.

ನಮ್ಮಲ್ಲಿ ಅನೇಕರ ನೆಂಟರು ಮುಂಬಯಿಯಲ್ಲಿದ್ದಾರೆ. ಅವರನ್ನು ನೋಡಲು ಹೋದಾಗ ಮೌಂಟ್ ಮೇರಿಗೆ ತಪ್ಪದೆ ಹೋಗಿ ಮೇಣದ ಬತ್ತಿ ಹಚ್ಚಿ ಬರುತ್ತೀರಿ. ಸಮಯವಿದ್ದರೆ ಹಾರ್ಬರ್ ರೈಲು ಹತ್ತಿ ಡಾಕ್‌ಯಾರ್ಡ್ ರೋಡ್ ನಿಲ್ದಾಣದಲ್ಲಿ ಇಳಿಯಿರಿ. ಅಲ್ಲೇ ಭಂಡಾರವಾಡ ಗುಡ್ಡದ ಮೇಲೆ ಜೋಸೆಫ್ ಬ್ಯಾಪ್ಟಿಸ್ಟಾ ಉದ್ಯಾನವಿದೆ. ಕೆಳಗೆ ಬಂದರು, ಹಡಗು, ರೈಲಿನ ಹಳಿ ಕಾಣುತ್ತವೆ. ಮಕ್ಕಳು ಓಡಾಡುವ ಆ ಹುಲ್ಲಿನ ಅಡಿಯಲ್ಲಿರುವುದು ದಕ್ಷಿಣ ಮುಂಬಯಿಗೆ ಕುಡಿಯುವ ನೀರು ಕೊಡುವ ಜಲಾಶಯ.